ಹೊಸಬರ ಬರಹ ಮತ್ತು ವಿಕಿಪೀಡಿಯ
(ಶತಮಾನೋತ್ಸವದ ಅಂಗವಾಗಿ ನಡೆದ ಬರವಣಿಗೆ ಶಿಬಿರದಲ್ಲಿ ಮುಖ್ಯೋಪಾಧ್ಯಾಯಿನಿಯವರು ಮಾಡಿದ ಭಾಷಣ)



2003ರಲ್ಲಿ ಆರಂಭವಾದ ಕನ್ನಡ ವಿಕಿಪೀಡಿಯಕ್ಕೆ ಯಾರು ಬೇಕಾದರೂ ಬರೆಯಬಹುದೆಂದು ತಿಳಿದು ನಮ್ಮ ಮಕ್ಕಳು ಉತ್ಸಾಹದಿಂದ ತೊಡಗಿದರು. ಬರೆದುದನ್ನು ಯಾರು ಬೇಕಾದರೂ ತೆಗೆಯಬಹುದೆಂಬುದನ್ನು ನಾವು ಅವರಿಗೆ ಹೇಳಿರಲಿಲ್ಲ. ಹತ್ತನೆಯ ತರಗತಿಯ ಬಾಲಕಿಯೊಬ್ಬಳು ತನ್ನ ಊರಿನ ಲೇಖನಕ್ಕೆ ಸೇರಿಸಿದ ಮೂರು ಪರಿಚ್ಛೇದಗಳು ಮರುದಿನ ಬೆಳಗಾಗುವಷ್ಟರಲ್ಲಿ ಮಾಯವಾಗಿದ್ದವು. "ನಮ್ಮ ಕನ್ನಡ ಅವರಿಗೂ ಬೇಡವಂತೆ ಟೀಚರ್" ಎಂದಳು. ಗಡಿನಾಡಿನ ಮಗುವಿನ ಬಾಯಲ್ಲಿ ಆ ಮಾತಿಗಿರುವ ಭಾರವನ್ನು ತಮಗೆ ವಿವರಿಸಬೇಕಾಗಿಲ್ಲ.

ಅನಂತರ ಆ ಪುಟದ 'ಇತಿಹಾಸ'ವನ್ನು ತೆರೆದು ನೋಡಿದೆವು. ಆಕೆ ಬರೆದ ಪ್ರತಿಯೊಂದು ಅಕ್ಷರವೂ ಅಲ್ಲಿ ಭದ್ರವಾಗಿತ್ತು. ತೆಗೆದವರು ಕಾರಣವನ್ನೂ ನಮೂದಿಸಿದ್ದರು: ಆಧಾರವಿಲ್ಲ, ಭಾಷೆ ಪ್ರಶಂಸೆಯದು. ಒಪ್ಪಲೇಬೇಕಾದ ಮಾತು. ಪ್ರಕೃತಿಮಾತೆಯ ಮಡಿಲಲ್ಲಿ ಕಂಗೊಳಿಸುವ ಊರು ಎಂಬಂತಹ ವಾಕ್ಯಗಳಿಗೆ ಪ್ರಬಂಧದ ತರಗತಿಯಲ್ಲಿ ವರ್ಷಗಟ್ಟಲೆ ಅಂಕ ಕೊಟ್ಟವರು ನಾವೇ ಅಲ್ಲವೇ? ಆದರೂ ಹೊಸಬರೆಂದು ತಿಳಿದ ಮೇಲೆ ಚರ್ಚೆ ಪುಟದಲ್ಲಿ ಎರಡು ಮಾತು ಬರೆದು ಎಚ್ಚರಿಸಿದ್ದರೆ ಆ ಮಗು ಹದಿನೈದು ದಿನ ಗಣಕಯಂತ್ರದಿಂದ ದೂರ ಉಳಿಯುತ್ತಿರಲಿಲ್ಲ ಎಂದು ನಮಗೆ ಇಂದಿಗೂ ಅನ್ನಿಸುತ್ತದೆ.

ಈಗ ಹೊಸಬರು ಮೊದಲು ತಮ್ಮ 'ಪ್ರಯೋಗಪುಟ'ದಲ್ಲಿ ಬರೆಯುತ್ತಾರೆ. ನಾವು ಪಕ್ಕದಲ್ಲಿ ಕುಳಿತು ಒಂದೊಂದು ವಾಕ್ಯಕ್ಕೂ "ಇದು ನಿನಗೆ ಹೇಗೆ ಗೊತ್ತು?" ಎಂದು ಕೇಳುತ್ತೇವೆ. ಅಜ್ಜಿ ಹೇಳಿದರು ಎಂಬ ಉತ್ತರ ಸುಳ್ಳೆಂದಲ್ಲ. ಆದರೆ ಓದುಗರು ಅಜ್ಜಿಯ ಬಳಿ ಹೋಗಿ ಪರಿಶೀಲಿಸಲಾರರು. ಆ ಬಾಲಕಿಯ ಕೈಗೆ ನಾವು, ಕಾಸರಗೋಡು ದಕ್ಷಿಣ ಕನ್ನಡ ಜಿಲ್ಲೆಯ ತಾಲೂಕಾಗಿದ್ದ ಕಾಲದಲ್ಲಿ, 1894ರಲ್ಲಿ, ಜೆ. ಸ್ಟರಾಕ್ ಅವರು ಸಿದ್ಧಪಡಿಸಿದ ಜಿಲ್ಲಾ ಕೈಪಿಡಿಯನ್ನೂ ಜನಗಣತಿಯ ಪುಸ್ತಕವನ್ನೂ ಕೊಟ್ಟೆವು. ಮೂರು ಪರಿಚ್ಛೇದ ನಾಲ್ಕು ವಾಕ್ಯವಾಯಿತು. ಆ ನಾಲ್ಕನ್ನು ಇದುವರೆಗೆ ಯಾರೂ ಮುಟ್ಟಿಲ್ಲ.

ಅತ್ಯಂತ ಕಷ್ಟವಾದದ್ದು ನಿಷ್ಪಕ್ಷಪಾತದ ನಿಯಮ, ಮಕ್ಕಳಿಗಿಂತ ನಮಗೇ. ಮಂಜೇಶ್ವರವು ಮಂಜೇಶ್ವರಂ ಆಗುವುದನ್ನು ಕಂಡಾಗ ಕೈ ಸುಮ್ಮನಿರುವುದಿಲ್ಲ. ಆದರೆ ಎರಡು ರೂಪಗಳೂ ಬಳಕೆಯಲ್ಲಿವೆ. ಲೇಖನ ಎರಡನ್ನೂ ಹೇಳಬೇಕು. 1956ರ ನವೆಂಬರ್ 1ರಂದು ಈ ನಾಡು ಕೇರಳಕ್ಕೆ ಸೇರಿತು ಎಂದೂ, 1967ರಲ್ಲಿ ಮಹಾಜನ ಆಯೋಗ ಚಂದ್ರಗಿರಿ ಹೊಳೆಯ ಉತ್ತರ ಭಾಗವನ್ನು ಮೈಸೂರು ರಾಜ್ಯಕ್ಕೆ ಕೊಡಲು ಶಿಫಾರಸು ಮಾಡಿತು ಎಂದೂ, ಅದು ಜಾರಿಗೆ ಬರಲಿಲ್ಲ ಎಂದೂ ಬರೆಯಬಹುದು. ಅನ್ಯಾಯವಾಯಿತು ಎಂದು ವಿಶ್ವಕೋಶದ ಬಾಯಲ್ಲಿ ಹೇಳಿಸುವಂತಿಲ್ಲ. ಆ ಪದವನ್ನು ನಾವೇ ಬರೆದು, ನಾವೇ ಅಳಿಸಿದ್ದೇವೆ.

ಕೃತಿಸ್ವಾಮ್ಯದ ವಿಚಾರದಲ್ಲಿ ಒಂದು ಸಂತೋಷವೂ ಇದೆ. ಲೇಖಕರು ತೀರಿಕೊಂಡು 60 ವರ್ಷ ಕಳೆಯುವವರೆಗೆ ಹಕ್ಕು ಉಳಿಯುತ್ತದೆ. ಗೋವಿಂದ ಪೈಗಳು ನಿಧನರಾದದ್ದು 1963ರಲ್ಲಿ. ಆದುದರಿಂದ ಅವರ ಜೀವಿತಕಾಲದಲ್ಲಿ ಪ್ರಕಟವಾದ ಕೃತಿಗಳನ್ನು 2024ರ ಆರಂಭದಿಂದ ವಿಕಿಸೋರ್ಸಿಗೆ ಸೇರಿಸಬಹುದು. 2015ರವರೆಗೆ ನಮ್ಮೊಡನಿದ್ದ ಕಯ್ಯಾರ ಕಿಞ್ಞಣ್ಣ ರೈಗಳ ಕವಿತೆಗಳನ್ನು ಪ್ರೀತಿಯಿದೆಯೆಂದು ಹಾಗೆ ಏರಿಸುವಂತಿಲ್ಲ. ಬೇಕಲ ಕೋಟೆಯ ಚಿತ್ರ ಬೇಕಾದವರು ಬಸ್ಸು ಹತ್ತಿ ಹೋಗಿ ತಾವೇ ತೆಗೆಯಲಿ. ಇನ್ನು ಯಂತ್ರಾನುವಾದವನ್ನು ತಿದ್ದದೆ ಅಂಟಿಸುವವರಿಗೆ ಒಂದೇ ಸೂಚನೆ: ಮೊದಲು ಮನೆಯಲ್ಲಿ ಗಟ್ಟಿಯಾಗಿ ಓದಿ ನೋಡಿ.

ಶನಿವಾರ ಮಧ್ಯಾಹ್ನ ಎರಡು ಗಂಟೆಯಿಂದ ಗಣಕಕೊಠಡಿ ತೆರೆದಿರುತ್ತದೆ. ಹಳೆ ವಿದ್ಯಾರ್ಥಿಗಳು ಮನೆಯ ಅಟ್ಟದಲ್ಲಿರುವ ಹಳೆಯ ಪತ್ರಿಕೆ, ಸ್ಮರಣಸಂಚಿಕೆಗಳನ್ನು ತರಬೇಕಾಗಿ ವಿನಂತಿ. ಪ್ರಕಟವಾದ ವರ್ಷವಿರುವ ಪುಟ ಹರಿದುಹೋಗದಂತೆ ನೋಡಿಕೊಳ್ಳಿ. ಆ ಬಾಲಕಿ ಈಗ ಕಾಲೇಜಿನಲ್ಲಿದ್ದಾಳೆ. ಹೊಸಬರ ಪಕ್ಕದಲ್ಲಿ ಕೂರಲು ಬರುತ್ತೇನೆಂದು ಒಪ್ಪಿದ್ದಾಳೆ.