ನಮ್ಮ ಪಾಲಿನ ಲೆಕ್ಕ ಯಾರು ಕೇಳಬೇಕು?

(ಹುಬ್ಬಳ್ಳಿ ಗೋಕುಲ ರಸ್ತೆಯಲ್ಲಿ ಹಾಸ್ಟೆಲ್ ವಿದ್ಯಾರ್ಥಿಗಳ ಮುಂದೆ ಆಡಿದ ಮಾತು)

ಗೆಳೆಯರೇ,

ಇಲ್ಲೇ ಗೋಕುಲ ರಸ್ತೆಯ ಬಸ್ ಸ್ಟ್ಯಾಂಡಿನ್ಯಾಗ ಇಬ್ಬರು ಹೆಣ್ಮಕ್ಕಳು ಒಂದೇ ಬಸ್ ಹತ್ತುತ್ತಾರೆ ಅನ್ನೋಣ. ಒಬ್ಬಾಕಿ ಮೇಲ್ಜಾತಿಯಾಕಿ, ಇನ್ನೊಬ್ಬಾಕಿ ನಮ್ಮವ್ವ. 2023ರ ಜೂನ್‌ನಲ್ಲಿ ಶಕ್ತಿ ಯೋಜನೆ ಬಂದ ಮೇಲೆ ಇಬ್ಬರಿಗೂ ಪುಕ್ಕಟೆ ಟಿಕೀಟು. ಛಲೋ ಆತು. ಆದರೆ ರೊಕ್ಕ ಎಲ್ಲಿಂದ ಬಂತು? ಆಕೀದು ಸಾಮಾನ್ಯ ಬೊಕ್ಕಸದಿಂದ. ನಮ್ಮವ್ವನದು ನಮ್ಮ ಹಾಸ್ಟೆಲ್ಲು, ಭೂಮಿ, ಬೋರ್‌ವೆಲ್ಲಿಗೆಂದು ತೆಗೆದಿಟ್ಟ ಹಣದಿಂದ. ಹಂಗಾದರೆ ನಮ್ಮವ್ವ ಈ ನಾಡಿನ ಪ್ರಜೆ ಅಲ್ಲವೇನು?

ಈ ಹಣ ಯಾರೂ ಕೊಟ್ಟ ಭಿಕ್ಷೆ ಅಲ್ಲ. ಐದನೇ ಪಂಚವಾರ್ಷಿಕ ಯೋಜನೆಯಲ್ಲಿ ಗಿರಿಜನ ಉಪಯೋಜನೆ, 1979ರಲ್ಲಿ ಪರಿಶಿಷ್ಟ ಜಾತಿಗಳ ವಿಶೇಷ ಘಟಕ ಯೋಜನೆ ಬಂದವು. ಜನಸಂಖ್ಯೆ ಎಷ್ಟೋ ಯೋಜನೆಯಲ್ಲಿ ಪಾಲು ಅಷ್ಟು ಎಂಬುದು ಅದರ ತತ್ವ. ವರ್ಷಾನುಗಟ್ಟಲೆ ಅದು ಕಾಗದದ ಮೇಲೇ ಉಳಿಯಿತು. ಹೋರಾಟದ ಒತ್ತಾಯದಿಂದ 2013ರಲ್ಲಿ ಆಂಧ್ರದ ನಂತರ ಕರ್ನಾಟಕದಲ್ಲೂ ಕಾನೂನು ಆಯಿತು. 2011ರ ಜನಗಣತಿಯಂತೆ ನಾವು ಎರಡೂ ವರ್ಗ ಸೇರಿ ನೂರಕ್ಕೆ 24.1.

ಆದರೆ ಕಾನೂನಿನೊಳಗೇ ಒಂದು ಕಿಂಡಿ ಇತ್ತು, ಕಲಂ 7ಡಿ. ಎಲ್ಲರೂ ಓಡಾಡುವ ರಸ್ತೆ, ಸೇತುವೆಗೆ ಹಾಕಿದ ಹಣದಲ್ಲಿ ಒಂದು ಭಾಗವನ್ನು ನಮಗೇ ಖರ್ಚಾಯಿತೆಂದು 'ಭಾವಿಸಬಹುದಿತ್ತು'. 2023ರಲ್ಲಿ ಅದನ್ನು ತೆಗೆದರು. ಅದೇ 2023-24ರಲ್ಲಿ ಸುಮಾರು 34 ಸಾವಿರ ಕೋಟಿಯ ಉಪಯೋಜನೆಯಿಂದ ಸುಮಾರು 11 ಸಾವಿರ ಕೋಟಿ ಗ್ಯಾರಂಟಿಗಳಿಗೆ ಹೋಯಿತು. ಫಲಾನುಭವಿಗಳಲ್ಲಿ ನಿಮ್ಮವರೂ ಇದ್ದಾರಲ್ಲ ಎಂದು ಸರ್ಕಾರ ಹೇಳಿತು. ಕಿಂಡಿ ಮುಚ್ಚಿತು, ಬಾಗಿಲು ತೆರೀತು!

ಗೆಳೆಯರೇ, ಗ್ಯಾರಂಟಿ ಬೇಡ ಅನ್ನೋದು ನಮ್ಮ ಮಾತಲ್ಲ. ಎಲ್ಲರಿಗೂ ಕೊಡುವುದನ್ನು ಎಲ್ಲರ ಬೊಕ್ಕಸದಿಂದ ಕೊಡ್ರಿ. ಶತಮಾನಗಳ ಅಂತರ ತುಂಬಲಿಕ್ಕೆ ಇಟ್ಟ ಹಣ ಅಂತರ ತುಂಬಲಿಕ್ಕೇ ಇರಲಿ.

ಇನ್ನೊಂದು ಮಾತು. ಸರ್ಕಾರ 'ನೂರಕ್ಕೆ ತೊಂಬತ್ತು ಖರ್ಚು' ಎಂದು ಪ್ರಗತಿ ವರದಿ ಬರೀತದೆ. ಖರ್ಚು ಆಗೋದು ಬೇರೆ, ಕೆಲಸ ಆಗೋದು ಬೇರೆ. ಬೋರ್‌ವೆಲ್ ಕೊರೆದದ್ದು ಲೆಕ್ಕ. ನೀರು ಬಂತೋ ಇಲ್ಲೋ, ಕರೆಂಟು ಕೊಟ್ಟರೋ ಇಲ್ಲೋ, ಅದು ಮೌಲ್ಯಮಾಪನ. ಅದಕ್ಕೆಂದೇ ಕರ್ನಾಟಕ ಮೌಲ್ಯಮಾಪನ ಪ್ರಾಧಿಕಾರ ಇದೆ. ಆದರೆ ಕೇರಿಯವರು ಕೇಳದಿದ್ದರೆ ವರದಿ ಕಪಾಟಿನಲ್ಲೇ ಮಲಗುತ್ತದೆ.

ನೀವು ನಿಮ್ಮ ಹಾಸ್ಟೆಲ್ಲಿನಿಂದಲೇ ಶುರು ಮಾಡ್ರಿ. ಮಂಜೂರಾದ ಸೀಟೆಷ್ಟು, ಮಂಚ ಎಷ್ಟು? ಊಟಕ್ಕೆ ತಲೆಗೆ ಎಷ್ಟು ಬಂತು, ತಾಟಿಗೆ ಎಷ್ಟು ಬಿತ್ತು? 2005ರ ಮಾಹಿತಿ ಹಕ್ಕು ಕಾಯಿದೆಯಲ್ಲಿ ಹತ್ತು ರೂಪಾಯಿ ಕಟ್ಟಿ ಅರ್ಜಿ ಹಾಕ್ರಿ. ಉತ್ತರವನ್ನು ಸಭೆಯಲ್ಲಿ ಎಲ್ಲರ ಮುಂದೆ ಓದ್ರಿ.

ನಮ್ಮಪ್ಪಂದಿರಿಗೆ ಹೆಬ್ಬೆಟ್ಟು ಒತ್ತಿಸಿಕೊಂಡು ಲೆಕ್ಕ ಮುಚ್ಚಿದರು. ಓದಿದ ನಾವು ಆ ಲೆಕ್ಕ ತೆಗೆಸೋಣ.

ಜೈ ಭೀಮ್.