ಗುರಾಣಿ ಕಚ್ಚಿದವರು



ಚದುರಂಗದ ಮಣೆಯ ಮೂಲೆಗಳಲ್ಲಿ ನಾವು ಆನೆಗಳನ್ನು ಇಡುತ್ತೇವೆ. ಸ್ಕಾಟ್ಲೆಂಡಿನ ಲೂಯಿಸ್ ದ್ವೀಪದಲ್ಲಿ 1831ರಲ್ಲಿ ಬೆಳಕಿಗೆ ಬಂದ ಹಳೆಯ ಚದುರಂಗದ ಕಾಯಿಗಳಲ್ಲಿ ಆ ಮೂಲೆಯವನು ಆನೆಯಲ್ಲ, ಕತ್ತಿ ಹಿಡಿದು ನಿಂತ ಕಾವಲಿನವನು. 12ನೇ ಶತಮಾನದಲ್ಲಿ, ವಾಲ್ರಸ್ ಎಂಬ ಕಡಲಪ್ರಾಣಿಯ ದಂತದಲ್ಲಿ ಕೆತ್ತಿದ ಕಾಯಿಗಳವು. ಹೆಚ್ಚಿನವು ಈಗ ಲಂಡನ್ನಿನ ಬ್ರಿಟಿಷ್ ಮ್ಯೂಸಿಯಂನಲ್ಲಿವೆ. ಆ ಕಾವಲಿನವರಲ್ಲಿ ಕೆಲವರು ಕಣ್ಣು ಅರಳಿಸಿಕೊಂಡು ತಮ್ಮದೇ ಗುರಾಣಿಯ ಅಂಚನ್ನು ಹಲ್ಲಿನಿಂದ ಕಚ್ಚಿ ಹಿಡಿದಿದ್ದಾರೆ. ನಾರ್ವೆ, ಐಸ್‌ಲೆಂಡಿನ ಹಳೆಯ ಕಥೆಗಳನ್ನು ಬಲ್ಲವರಿಗೆ ಅವರು ಯಾರೆಂದು ಕೂಡಲೇ ತಿಳಿಯುತ್ತದೆ. ಅವರು ಬರ್ಸರ್ಕರು.

ಸರ್ಕ್ ಎಂದರೆ ಅಂಗಿ. ಬರ್ ಎಂದರೆ ಏನು ಎಂಬಲ್ಲಿ ವಿದ್ವಾಂಸರ ಜಗಳವಿದೆ. ಕರಡಿ ಎಂದರೆ ಕರಡಿಚರ್ಮ ತೊಟ್ಟವರು; ಬರಿದು ಎಂದರೆ ಕವಚವಿಲ್ಲದೆ ಕಾದಾಡುವವರು. ನನಗೆ ಕರಡಿಯೇ ಸರಿ ಎನಿಸುತ್ತದೆ. ಏಕೆಂದರೆ ಅವರ ಜೊತೆಗೇ ತೋಳದ ಚರ್ಮ ಹೊದ್ದ ಯೋಧರ ಮಾತೂ ಬರುತ್ತದೆ. ಸ್ವೀಡನ್ನಿನ ಓಲಾಂಡ್ ದ್ವೀಪದ ಟೋರ್ಸ್‌ಲುಂಡಾದಲ್ಲಿ ಸಿಕ್ಕಿದ ಕಂಚಿನ ಅಚ್ಚೊಂದರಲ್ಲಿ ಅಂಥ ತೋಳಮೈಯವನೊಬ್ಬ ಈಟಿ ಹಿಡಿದು ನಿಂತಿದ್ದಾನೆ. ಆ ಅಚ್ಚು ವೈಕಿಂಗರ ಕಾಲಕ್ಕಿಂತಲೂ ಹಳೆಯದು.

ಇವರ ಬಗ್ಗೆ ನಮಗಿರುವ ಅತ್ಯಂತ ಹಳೆಯ ಮಾತು ಒಂದು ಹೊಗಳಿಕೆಯ ಕವಿತೆಯದು. 9ನೇ ಶತಮಾನದ ಕೊನೆಯ ಹೊತ್ತಿಗೆ ನಾರ್ವೆಯ ದೊರೆ ಹರಾಲ್ಡ್ ಹಾಫ್ರ್ಸ್‌ಫ್ಯೋರ್ಡಿನ ಕಡಲಕಾಳಗ ಗೆದ್ದ. ಅವನ ಆಸ್ಥಾನಕವಿ ಥೋರ್‌ಬ್ಯೋರ್ನ್ ಅದನ್ನು ಹಾಡುವಾಗ ಬರ್ಸರ್ಕರ ಅರಚಾಟವನ್ನೂ ತೋಳಚರ್ಮದವರ ಊಳನ್ನೂ ನೆನೆದ. ಅಲ್ಲಿ ಅವರು ರಾಕ್ಷಸರಲ್ಲ, ಅರಸ ಜೀವ ಒಪ್ಪಿಸಿದ್ದ ನಂಬುಗೆಯ ಪಡೆ.

ಆಮೇಲೆ ಸುಮಾರು ಮುನ್ನೂರು ವರ್ಷ ಕಳೆಯಿತು. ಐಸ್‌ಲೆಂಡಿನ ಸ್ನೋರಿ ಸ್ಟುರ್ಲುಸನ್ 13ನೇ ಶತಮಾನದಲ್ಲಿ ದೊರೆಗಳ ಚರಿತ್ರೆ ಬರೆಯುವಾಗ ಇವರನ್ನು ಓಡಿನ್ ದೇವರ ಆಳುಗಳನ್ನಾಗಿ ಮಾಡಿದ. ಬೆಂಕಿಯೂ ಕಬ್ಬಿಣವೂ ಅವರನ್ನು ತಾಗದು, ಗುರಾಣಿ ಕಚ್ಚುವರು, ತೋಳದ ಹುಚ್ಚು ಅವರದು ಎಂದ. ಮೈಮೇಲೆ ಬಂತು ಎಂದು ನಾವು ಹೇಳುವ ಸ್ಥಿತಿಗೆ ಅವರ ಭಾಷೆಯಲ್ಲೂ ಒಂದು ಹೆಸರಿತ್ತು, ಬರ್ಸರ್ಕ್ಸ್‌ಗಾಂಗ್ರ್. ಆ ಆವೇಶ ಇಳಿದ ಮೇಲೆ ಮೈಯಲ್ಲಿ ಕಸುವೇ ಉಳಿಯದು. ಐಸ್‌ಲೆಂಡಿನ ಹಳೆಯ ಕಥನಗಳಾದ ಸಾಗಾಗಳಲ್ಲಿ ಒಂದಾದ ಎಗಿಲ್ ಸಾಗಾದ ಮುದುಕ ಕ್ವೆಲ್ಡುಲ್ಫ್ ಕೊನೆಯ ಕಾಳಗದ ನಂತರ ಹಾಸಿಗೆ ಹಿಡಿದವನು ಮತ್ತೆ ಏಳಲಿಲ್ಲ.

ಅವರು ಅಣಬೆ ತಿಂದು ಹುಚ್ಚೇರುತ್ತಿದ್ದರು ಎಂಬ ಮಾತನ್ನು ನೀವು ಕೇಳಿರಬಹುದು. ಹಾಗೆಂದವನು ಸ್ಯಾಮುಯೆಲ್ ಓಡ್ಮನ್ ಎಂಬ ಸ್ವೀಡಿಷ್ ವಿದ್ವಾಂಸ, 1784ರಲ್ಲಿ. ಸೈಬೀರಿಯಾದ ಜನ ಕೆಂಪು ಅಣಬೆ ತಿನ್ನುವ ಸುದ್ದಿ ಓದಿ ಅವನು ಮಾಡಿದ ಊಹೆ ಅದು. ಸಾಗಾಗಳಲ್ಲಿ ಅಂಥ ಅಣಬೆಯ ಸುಳಿವೇ ಇಲ್ಲ. ರಣರಂಗದಲ್ಲಿ ಮನುಷ್ಯ ತನ್ನನ್ನು ತಾನು ಮರೆಯಲು ಅಣಬೆ ಬೇಕೇ? ಭಯ, ಸಿಟ್ಟು, ಪಕ್ಕದಲ್ಲೇ ಬಿದ್ದ ಗೆಳೆಯನ ಹೆಣ, ಇಷ್ಟು ಸಾಕು ಎಂದು ನಾನು ನಂಬುತ್ತೇನೆ.

ಐಸ್‌ಲೆಂಡ್ ಸುಮಾರು ಕ್ರಿ.ಶ. 1000ದಲ್ಲಿ ಕ್ರೈಸ್ತಧರ್ಮಕ್ಕೆ ಬಂತು. ಅಲ್ಲಿನ ಗ್ರಾಗಾಸ್ ಕಾನೂನು ಈ ಆವೇಶಕ್ಕೆ ಮೂರು ವರ್ಷದ ಗಡೀಪಾರು ವಿಧಿಸಿತು. ಹತ್ತಿರದಲ್ಲಿದ್ದೂ ಆವೇಶ ಬಂದವನನ್ನು ಹಿಡಿದು ತಡೆಯದವರಿಗೂ ಅದೇ ಶಿಕ್ಷೆ. ಅರಸನ ಅಂಗರಕ್ಷಕ ಹೀಗೆ ಊರಿಗೆ ಹೊರಗಾದ.

ಇದನ್ನು ಐರ್ಬಿಗ್ಯಾ ಸಾಗಾದಷ್ಟು ಕರುಣೆ ಉಕ್ಕುವಂತೆ ಹೇಳಿದ ಕಥೆಯನ್ನು ನಾನು ಓದಿಲ್ಲ. ಹಾಲ್ಲಿ, ಲೈಕ್ನಿರ್ ಎಂಬ ಇಬ್ಬರು ಸ್ವೀಡಿಷ್ ಬರ್ಸರ್ಕರು. ನಾರ್ವೆಯನ್ನು ಆಳುತ್ತಿದ್ದ ಹಾಕೋನ್ ಅವರನ್ನು ವೆರ್ಮುಂಡ್ ಎಂಬ ಐಸ್‌ಲೆಂಡಿನವನಿಗೆ ಉಡುಗೊರೆಯಾಗಿ ಕೊಟ್ಟ. ಸಾಕಲಾರದೆ ವೆರ್ಮುಂಡ್ ತನ್ನ ಅಣ್ಣತಮ್ಮಂದಿರಲ್ಲೊಬ್ಬನಾದ ಸ್ಟೀರ್‌ಗೆ ದಾಟಿಸಿದ. ಅಲ್ಲಿ ಹಾಲ್ಲಿಯ ಮನಸ್ಸು ಸ್ಟೀರ್‌ನ ಮಗಳು ಆಸ್ದಿಸ್ ಮೇಲೆ ಹೋಯಿತು. ಹೆಣ್ಣು ಕೊಡಿ ಎಂದು ಕೇಳಿದ.

ಸ್ಟೀರ್ ಹೋಗಿ ಸ್ನೋರಿ ಎಂಬ ಜಾಣ ಮುಖಂಡನ ಸಲಹೆ ಕೇಳಿದ. (ಚರಿತ್ರೆ ಬರೆದ ಸ್ನೋರಿ ಬೇರೆ, ಇವನು ಬೇರೆ.) ಬಂದು ಹಾಲ್ಲಿಗೆ ಹೇಳಿದ: ಹೆಪ್ಪುಗಟ್ಟಿದ ಲಾವಾದ ಬಂಡೆಗಳ ನಡುವೆ ದಾರಿ ಕಡಿದುಕೊಡು, ಬೇಲಿಗೋಡೆ ಎಬ್ಬಿಸು, ಕುರಿದೊಡ್ಡಿ ಕಟ್ಟು, ಮಗಳು ನಿನ್ನವಳು. ಇಬ್ಬರೂ ಜೀವ ತೇಯ್ದು ದುಡಿದರು. ಕೆಲಸ ಮುಗಿಯುತ್ತ ಬಂದಾಗ ಆಸ್ದಿಸ್ ಒಳ್ಳೆಯ ಉಡುಪು ತೊಟ್ಟು ಅವರ ಮುಂದೆ ಹಾದುಹೋದಳು. ಮಾತಾಡಿಸಿದರೂ ಉತ್ತರ ಕೊಡಲಿಲ್ಲ. ಸಂಜೆ, ಆವೇಶವಿಳಿದು ಸೋತ ಇಬ್ಬರನ್ನೂ ಸ್ಟೀರ್ ಹೊಸದಾಗಿ ಕಟ್ಟಿಸಿದ ಹಬೆಮನೆಗೆ ಸ್ನಾನಕ್ಕೆ ಕಳಿಸಿದ. ಬಾಗಿಲ ಮೇಲೆ ಭಾರ ಹೇರಿಸಿದ, ಹೊರಗೆ ಹಸಿ ಎತ್ತಿನ ಚರ್ಮ ಹಾಸಿಸಿದ, ಒಲೆಗೆ ನೀರು ಸುರಿಸಿದ. ಬೇಗೆ ತಾಳದೆ ಬಾಗಿಲು ಒಡೆದು ಬಂದ ಹಾಲ್ಲಿ ಚರ್ಮದ ಮೇಲೆ ಜಾರಿ ಬಿದ್ದ. ಸ್ಟೀರ್ ಅಲ್ಲೇ ಕೊಂದ. ಲೈಕ್ನಿರ್‌ನನ್ನೂ ಬಿಡಲಿಲ್ಲ. ಆಸ್ದಿಸ್‌ಳನ್ನು ಮದುವೆಯಾದವನು, ಸಲಹೆ ಕೊಟ್ಟ ಆ ಸ್ನೋರಿ.

ಐಸ್‌ಲೆಂಡಿನ ಪಶ್ಚಿಮಕ್ಕೆ, ಸ್ನೈಫೆಲ್ಸ್‌ನೆಸ್ ಎಂಬ ಭೂಚಾಚಿನಲ್ಲಿ ಆ ಲಾವಾ ಬಯಲು ಇಂದಿಗೂ ಇದೆ. ಅದರ ಹೆಸರು ಬರ್ಸರ್ಕ್ಯಾಹ್ರೌನ್, ಬರ್ಸರ್ಕರ ಲಾವಾ. ಕಪ್ಪು ಬಂಡೆಗಳ ನಡುವೆ ಸವೆದ ಒಂದು ಕಾಲುದಾರಿ ಹೋಗುತ್ತದೆ. ಪಕ್ಕದಲ್ಲಿ ಅವರ ಸಮಾಧಿ ಎನ್ನುವ ಕಲ್ಲುಗುಪ್ಪೆಯಿದೆ.