ಅತ್ತೆಯ ಅಂಬಲಿ, ಪೋರೂರಿನ ಸೆಖೆ



ವೈನ್ ಹುದುಗುವ ವಿಜ್ಞಾನದ ಬಗ್ಗೆ ಮಾತಾಡುತ್ತೇನೆ ಅಂದಾಗ ಕೆಲವರು ನಕ್ಕಿರಿ. ನನಗೆ ಆ ಪಾಠ ಶುರುವಾಗಿದ್ದು ಅಂಬಲಿಯಿಂದ.

ಮದುವೆಯಾಗಿ ಮಂಡ್ಯದಿಂದ ಪೋರೂರಿಗೆ ಬಂದ ಮೊದಲ ಮೇ ತಿಂಗಳು. ಊರಿನ ಲೆಕ್ಕದಲ್ಲೇ ಸಂಜೆ ರಾಗಿ ಹಿಟ್ಟು ಕಲಸಿಟ್ಟೆ. ಬೆಳಿಗ್ಗೆ ಮೂಗಿಗೆ ಹೊಡೆಯುವಷ್ಟು ಹುಳಿ! ಸಿಂಕಿಗೆ ಸುರಿದೆ. ಅತ್ತೆ, "ಹಿಟ್ಟಿನ ತಪ್ಪಲ್ಲ ಕಣಮ್ಮ, ಸೆಖೆ ನೋಡ್ಕೊಂಡು ಹೊತ್ತು ಇಡಬೇಕು" ಅಂದರು.

ಹಾಲು ಹುಳಿಯಾಗುವುದು ಜೀವಾಣುಗಳ ಕೆಲಸವೆಂದು ಲೂಯಿ ಪಾಶ್ಚರ್ 1857ರಲ್ಲಿ ತೋರಿಸಿದರು. ದ್ರಾಕ್ಷಿ ರಸದಲ್ಲಿ ಯೀಸ್ಟ್ ಸಕ್ಕರೆ ತಿಂದು ಆಲ್ಕೋಹಾಲ್, ಇಂಗಾಲದ ಡೈಆಕ್ಸೈಡ್ ಬಿಡುತ್ತದೆ. ಅದಕ್ಕೇ ಹುದುಗುವ ರಸವನ್ನು ಬಿಗಿಯಾಗಿ ಮುಚ್ಚಿದರೆ ಬಾಟಲಿ ಸಿಡಿಯಬಹುದು. ರಾಗಿ ಹಿಟ್ಟಿನಲ್ಲಿ ಲ್ಯಾಕ್ಟಿಕ್ ಬ್ಯಾಕ್ಟೀರಿಯಾಗಳದೇ ಮೇಲುಗೈ. ಅವು ತರುವ ಹುಳಿ, ಕೆಡಿಸುವ ಹಲವು ಜೀವಾಣುಗಳನ್ನು ತಡೆಯುತ್ತದೆ. ಸೆಖೆ ಏರಿದಂತೆ ಎರಡೂ ಬೇಗ ಹುದುಗುತ್ತವೆ. ವೈನ್ ಮಾಡುವವರು ತೊಟ್ಟಿಯನ್ನೇ ತಂಪಾಗಿಸುತ್ತಾರೆ. ಅತ್ತೆ ಹೊತ್ತು ಕಡಿಮೆ ಮಾಡಿದರು: ಮಲಗುವ ಮುಂಚೆ ಕಲಸಿ, ಬೆಳಿಗ್ಗೆ 5 ಗಂಟೆಗೇ ಕುದಿಸಿ, ಆರಿದ ಮೇಲೆ ಮಜ್ಜಿಗೆ, ಉಪ್ಪು, ಈರುಳ್ಳಿ.

ಆಡಿ ತಿಂಗಳಲ್ಲಿ ಇಲ್ಲಿನ ಅಮ್ಮನ ಗುಡಿಗಳಲ್ಲಿ ಕೂಳ್ ಹಂಚುತ್ತಾರಲ್ಲ, ಅದನ್ನು ಕುಡಿದು ಅತ್ತೆ, "ನಮ್ಮ ಅಂಬಲಿಯ ತಂಗಿ" ಅನ್ನುತ್ತಿದ್ದರು. ಈಗ ಅವರಿಲ್ಲ. ಅವರು ಅಳತೆ ಬರೆದಿಟ್ಟವರೂ ಅಲ್ಲ, ಪಾತ್ರೆಯ ಮುಚ್ಚಳ ತೆಗೆದು ಮೂಸಿ ನೋಡಿ ಹೇಳುತ್ತಿದ್ದರು. ನಾನು ಕಲಿತದ್ದು ಅರ್ಧವೇ. ನಿಮ್ಮ ಮನೆಯಲ್ಲಿ ಹಿರಿಯರಿದ್ದರೆ, ಈ ವಾರವೇ ಅವರ ಪಕ್ಕ ನಿಂತು ಒಂದು ಸಲ ಹಿಟ್ಟು ಕಲಸಿ.